ಸೀತಾದೇವಿ ಎಂಬ ಹೆಸರು ಎರಡು ದೇಶ ಸುತ್ತಿದ ಕತೆ

ಕಕ್ಕಡ ತಿಂಗಳಲ್ಲಿ ಮಡಿಕೇರಿಯ ಮಳೆ ಒಮ್ಮೆ ಹಿಡಿದರೆ ಬಿಡುವುದಿಲ್ಲ. ಕರೆಂಟ್ ಹೋಗಿ ಎರಡು ದಿನವಾಗಿತ್ತು. ಲ್ಯಾಪ್‌ಟಾಪ್‌ನಲ್ಲಿ ಮಾತ್ರ ಸ್ವಲ್ಪ ಚಾರ್ಜ್ ಉಳಿದಿತ್ತು. ಪಕ್ಕದ ಮನೆಯ ಅಜ್ಜಿ ಬೇಸರ ಕಳೆಯಲು ನಮ್ಮಲ್ಲಿಗೆ ಬಂದು ಒಲೆಯ ಹತ್ತಿರ ಕೂತಿದ್ದರು. ಮೊದಲೇ ಇಳಿಸಿಟ್ಟುಕೊಂಡಿದ್ದ ಒಂದು ಹಳೇ ಸಿನಿಮಾ ಹಾಕಿದೆ. 1929ರದ್ದು, ಮೂಕಿ ಚಿತ್ರ. ತಗಡಿನ ಮಾಡಿನ ಮೇಲೆ ಬೀಳುವ ಮಳೆಗೆ ಮಾತಿನ ಸಿನಿಮಾ ಹಾಕಿದ್ದರೂ ಏನೂ ಕೇಳುತ್ತಿರಲಿಲ್ಲ.

ಅಜ್ಜಿ ಕಾಲು ಗಂಟೆ ಸುಮ್ನೆ ನೋಡಿದರು. ಕಾಡಿನ ಆಶ್ರಮದಲ್ಲಿ ಬೆಳೆದ ಹುಡುಗಿ, ಬಾಣ ತಗಲಿ ಬಿದ್ದ ರಾಜ, ಅವನ ಆರೈಕೆ. ಎಲ್ಲವೂ ಅವರಿಗೆ ತಾನಾಗಿಯೇ ಅರ್ಥವಾಯಿತು. ಆಮೇಲೆ ಒಂದೇ ಪ್ರಶ್ನೆ ಕೇಳಿದರು: "ಈ ಹುಡುಗಿ ಯಾವ ಮನೆಯವಳು?"

ಕೊಡಗಿನಲ್ಲಿ ಇದು ದಿನಾ ಕೇಳುವ ಪ್ರಶ್ನೆ. ಕೊಡವರಲ್ಲಿ ಒಬ್ಬರ ಹೆಸರಿಗಿಂತ ಮೊದಲು ಮನೆ ಹೆಸರು ಬರುತ್ತದೆ. ಒಕ್ಕದ ಹೆಸರು ಹೇಳಿದರೆ ಸಾಕು, ಐನ್‌ಮನೆ (ಹಿರಿಯರಿಂದ ಬಂದ ಮೂಲಮನೆ) ಎಲ್ಲಿ, ಯಾವ ಊರು, ಯಾರ ಕಡೆ ನೆಂಟರು ಅಂತ ಎದುರಿನವರು ತಾವೇ ಲೆಕ್ಕ ಹಾಕಿಕೊಳ್ಳುತ್ತಾರೆ. ಆದರೆ ತೆರೆಯ ಮೇಲೆ ಬಂದ ಹೆಸರು ಬರೀ 'ಸೀತಾದೇವಿ'. ಹಿಂದೆ ಮುಂದೆ ಏನೂ ಇಲ್ಲ.

ಅವಳ ನಿಜವಾದ ಹೆಸರು ರೆನೀ ಸ್ಮಿತ್. ಕಲ್ಕತ್ತಾದ ಆಂಗ್ಲೋ ಇಂಡಿಯನ್ ಹುಡುಗಿ. ನಾವು ನೋಡುತ್ತಿದ್ದ ಸಿನಿಮಾ 'ಪ್ರಪಂಚ ಪಾಶ್'. ಕತೆ ಮಹಾಭಾರತದ ಪಗಡೆಯಾಟದ ಎಳೆ ಹಿಡಿದದ್ದು. ಚಿತ್ರೀಕರಣ ರಾಜಸ್ಥಾನದಲ್ಲಿ, ನಿರ್ದೇಶಕ ಮ್ಯೂನಿಕ್‌ನವನು, ಜೊತೆಗೆ ನಿಂತ ಕಂಪನಿಗಳು ಬರ್ಲಿನ್ ಮತ್ತು ಲಂಡನ್‌ನವು. ಇಷ್ಟನ್ನು ಒಂದೇ ಉಸಿರಿನಲ್ಲಿ ಹೇಳಿದರೆ ಅಜ್ಜಿಗೆ ಏನು ತಿಳಿಯಬೇಕು? ಹಾಗಾಗಿ ಮೊದಲಿನಿಂದ ಬಿಡಿಸಿ ಹೇಳುತ್ತೇನೆ.

ಕತೆ ಶುರುವಾಗುವುದು ಒಬ್ಬ ಬಂಗಾಳಿ ಯುವಕನಿಂದ. ಹೆಸರು ಹಿಮಾಂಶು ರಾಯ್. ಕಾನೂನು ಓದಲು ಲಂಡನ್‌ಗೆ ಹೋದವನು ನಾಟಕದ ಹುಚ್ಚಿಗೆ ಬಿದ್ದ. ಅಲ್ಲಿ ಅವನಿಗೆ ಸಿಕ್ಕ ಗೆಳೆಯ ನಿರಂಜನ್ ಪಾಲ್, ಸ್ವಾತಂತ್ರ್ಯ ಹೋರಾಟದ ಬಿಪಿನ್ ಚಂದ್ರ ಪಾಲರ ಮಗ, ಒಳ್ಳೆಯ ಬರಹಗಾರ. ಬುದ್ಧನ ಜೀವನವನ್ನು ಸಿನಿಮಾ ಮಾಡಬೇಕು ಅಂತ ಇಬ್ಬರಿಗೂ ಆಸೆ. ದುಡ್ಡೂ ಇಲ್ಲ, ಕ್ಯಾಮೆರಾನೂ ಇಲ್ಲ. ರಾಯ್ ಮ್ಯೂನಿಕ್‌ಗೆ ಹೋಗಿ ಎಮೆಲ್ಕಾ ಎಂಬ ಕಂಪನಿಯ ಬಾಗಿಲು ತಟ್ಟಿದ.

ಜರ್ಮನ್ನರು ಯಾಕೆ ಒಪ್ಪಿದರು? ಆಗ ಜರ್ಮನಿಯ ಜನಕ್ಕೆ ಭಾರತ ಅಂದರೆ ಎಲ್ಲಿಲ್ಲದ ಕುತೂಹಲ. 1921ರಲ್ಲೇ ಅಲ್ಲಿ ಭಾರತದ ಮಹಾರಾಜನ ಕತೆಯೊಂದನ್ನು ಭಾರೀ ಖರ್ಚಿನಲ್ಲಿ ತೆಗೆದಿದ್ದರು. ಆದರೆ ಆ ಭಾರತವನ್ನು ಕಟ್ಟಿದ್ದು ಬರ್ಲಿನ್ ಪಕ್ಕದ ವೊಲ್ಟರ್ಸ್‌ಡಾರ್ಫ್‌ನಲ್ಲಿ. ಮಹಾರಾಜನಾಗಿ ಮುಖಕ್ಕೆ ಬಣ್ಣ ಬಳಿದುಕೊಂಡು ನಿಂತವನು ಜರ್ಮನ್ ನಟ. ರಾಯ್ ಹೊತ್ತು ತಂದ ಮಾತು ಬೇರೆ: ನಿಜವಾದ ಊರು, ನಿಜವಾದ ಅರಮನೆ, ನಿಜವಾದ ಭಾರತೀಯ ಮುಖಗಳು.

ಒಪ್ಪಂದ ಕುದುರಿತು. ಜರ್ಮನಿಯಿಂದ ನಿರ್ದೇಶಕ ಫ್ರಾಂಜ್ ಆಸ್ಟನ್, ಕ್ಯಾಮೆರಾಮನ್‌ಗಳಾದ ವಿಲ್ಲಿ ಕಿರ್ಮೈಯರ್ ಮತ್ತು ಜೋಸೆಫ್ ವಿರ್ಶಿಂಗ್, ಅವರ ಯಂತ್ರಗಳು. ಇಲ್ಲಿಂದ ಕತೆ, ನಟರು, ಜಾಗ, ಇಲ್ಲಿನ ಖರ್ಚು. ಭಾರತದ ಕಡೆ ಬಂಡವಾಳಕ್ಕೆ ದೆಹಲಿಯ ಗ್ರೇಟ್ ಈಸ್ಟರ್ನ್ ಫಿಲ್ಮ್ ಕಾರ್ಪೊರೇಷನ್. ತೆಗೆದ ಫಿಲ್ಮ್ ಹಡಗು ಹತ್ತಿ ಮ್ಯೂನಿಕ್‌ಗೆ. ಸಂಕಲನ ಅಲ್ಲಿ.

ಕಾಫಿ ಬೆಳೆಯುವವರಿಗೆ ಇದನ್ನು ವಿವರಿಸಬೇಕಾಗಿಯೇ ಇಲ್ಲ. ಹಣ್ಣು ಕೊಯ್ಯುವುದು ಸಿದ್ದಾಪುರದಲ್ಲಿ, ಪೊನ್ನಂಪೇಟೆಯಲ್ಲಿ. ಕ್ಯೂರಿಂಗ್, ಅಂದರೆ ಸಿಪ್ಪೆ ತೆಗೆದು ಬೀಜ ಹಸನು ಮಾಡುವ ಕೆಲಸ, ಆಗುವುದು ಘಟ್ಟದ ಕೆಳಗೆ. ಆಮೇಲೆ ಬೀಜ ಇಟಲಿಗೋ ಜರ್ಮನಿಗೋ ಹೋಗಿ, ಹುರಿದು ಪುಡಿಯಾಗಿ, ಅಲ್ಲಿನ ಹೆಸರಿನ ಪೊಟ್ಟಣದಲ್ಲಿ ಕೂರುತ್ತದೆ. ಕುಡಿಯುವವನಿಗೆ ರುಚಿ ಗೊತ್ತು, ತೋಟ ಗೊತ್ತಿಲ್ಲ. ಸೀತಾದೇವಿಯ ಮುಖವೂ ಹೀಗೇ ಪ್ರಯಾಣ ಮಾಡಿತು. ಎರಡು ದೇಶಗಳ ನಟಿ ಅಂದಾಗ ಅವಳು ವಾರಕ್ಕೊಮ್ಮೆ ಹಡಗು ಹತ್ತುತ್ತಿದ್ದಳು ಅಂತ ಅಂದುಕೊಳ್ಳಬೇಡಿ. ಅವಳು ಕ್ಯಾಮೆರಾ ಮುಂದೆ ನಿಂತದ್ದು ಇಲ್ಲಿನ ಬಿಸಿಲಿನಲ್ಲಿ. ದಾಟಿ ಹೋದದ್ದು ನೆಗೆಟಿವ್.

ಹಾಗೆ ನೋಡಿದರೆ ಕೊಡಗಿಗೆ ಜರ್ಮನ್ನರೇನೂ ಹೊಸಬರಲ್ಲ. 'ಮಂಗಳೂರ ಸಮಾಚಾರ' ಪತ್ರಿಕೆ ಶುರು ಮಾಡಿದ ಮೋಗ್ಲಿಂಗ್ 1850ರ ದಶಕದಲ್ಲಿ ಇಲ್ಲಿಗೆ ಬಂದು ನೆಲೆಸಿದ್ದರು. ಕೊಡಗಿನ ಬಗ್ಗೆ 1870ರಲ್ಲಿ ದೊಡ್ಡ ಪುಸ್ತಕ ಬರೆದ ರಿಕ್ಟರ್ ಕೂಡ ಜರ್ಮನ್. ಅವರು ಇಲ್ಲಿನದನ್ನು ಬರೆದು ಅಲ್ಲಿಗೆ ಕಳಿಸಿದರು. ಆಸ್ಟನ್ ತಂಡ ಅದನ್ನೇ ಕ್ಯಾಮೆರಾದಲ್ಲಿ ಮಾಡಿತು.

ಮೊದಲ ಸಿನಿಮಾ 1925ರ 'ಪ್ರೇಮ್ ಸನ್ಯಾಸ್'. ಯುರೋಪಿನಲ್ಲಿ ಅದಕ್ಕೆ 'ಏಷ್ಯಾದ ಬೆಳಕು' ಎಂಬ ಅರ್ಥದ ಹೆಸರು. ಎಡ್ವಿನ್ ಆರ್ನಾಲ್ಡ್ ಬುದ್ಧನ ಮೇಲೆ ಬರೆದ ಕಾವ್ಯವೇ ಆಧಾರ. ಹಿಮಾಂಶು ರಾಯ್ ಗೌತಮನಾದ. ಅವನ ಹೆಂಡತಿ ಗೋಪಾ ಪಾತ್ರಕ್ಕೆ ಹುಡುಗಿ ಬೇಕಿತ್ತು. ಆ ಕಾಲದಲ್ಲಿ ಮರ್ಯಾದಸ್ಥ ಮನೆ ಅನ್ನಿಸಿಕೊಂಡವರು ಹೆಣ್ಣುಮಕ್ಕಳನ್ನು ಸಿನಿಮಾಕ್ಕೆ ಕಳಿಸುತ್ತಿರಲಿಲ್ಲ. ಆ ಜಾಗ ತುಂಬಿದವರಲ್ಲಿ ಬಹಳ ಮಂದಿ ಆಂಗ್ಲೋ ಇಂಡಿಯನ್ ಮತ್ತು ಯಹೂದಿ ಹುಡುಗಿಯರು. ಟೈಪಿಸ್ಟ್, ಟೆಲಿಫೋನ್ ಆಪರೇಟರ್ ಆಗಿ ಹೊರಗೆ ದುಡಿಯುವುದು ಅವರ ಮನೆಗಳಲ್ಲಿ ರೂಢಿಯಾಗಿತ್ತು. ಹಾಗೇ ಬಂದವಳು ರೆನೀ. ಆಗಿನ್ನೂ ಹದಿಹರೆಯ.

ಆ ಸಿನಿಮಾದ ಪ್ರಚಾರದಲ್ಲಿ ಒಂದು ಮಾತಿತ್ತು: ಸ್ಟುಡಿಯೋ ಸೆಟ್ ಇಲ್ಲ, ಕೃತಕ ದೀಪ ಇಲ್ಲ, ಮೇಕಪ್ ಇಲ್ಲ, ಎಲ್ಲವೂ ಅಸಲಿ ಭಾರತ. ಇದನ್ನು ಓದಿದಾಗಲೆಲ್ಲ ನನಗೆ ಹೊಟ್ಟೆಯಲ್ಲಿ ಸಂಕಟವಾಗುತ್ತದೆ. ಮುಖಕ್ಕೆ ಬಣ್ಣ ಹಚ್ಚದಿದ್ದರೂ ಆ ಹುಡುಗಿಯ ಹೆಸರನ್ನು ಒರೆಸಿ ಬೇರೆ ಹೆಸರು ಬರೆದಿದ್ದರು. ರೆನೀ ಸ್ಮಿತ್ ಅಂತ ಹಾಕಿದರೆ ಯುರೋಪಿನವನಿಗೆ ಅಸಲಿ ಭಾರತ ಅನ್ನಿಸುವುದಿಲ್ಲ, ಭಾರತದವನಿಗೆ ಬುದ್ಧನ ಹೆಂಡತಿ ಅನ್ನಿಸುವುದಿಲ್ಲ. 'ಸೀತಾದೇವಿ' ಅಂದರೆ ಎರಡೂ ಕಡೆ ಸಲೀಸು.

ಅವಳೊಬ್ಬಳೇ ಅಲ್ಲ. ರೂಬಿ ಮೈಯರ್ಸ್ 'ಸುಲೋಚನಾ' ಆದಳು. ಐರಿಸ್ ಗ್ಯಾಸ್ಪರ್ 'ಸವಿತಾ ದೇವಿ', ಎಫಿ ಹಿಪೊಲೆಟ್ 'ಇಂದಿರಾ ದೇವಿ'. ಸೀತಾದೇವಿಯ ವಿಷಯದಲ್ಲಿ ಇನ್ನೊಂದು ಮಾತೂ ಆಗಿನಿಂದ ಓಡಾಡುತ್ತಿದೆ: ಆ ಹೆಸರಿನಲ್ಲಿ ಒಮ್ಮೆ ರೆನೀ, ಒಮ್ಮೆ ಅವಳ ಸೋದರಿ ಪರ್ಸಿ, ಹೀಗೆ ಇಬ್ಬರೂ ಸರದಿಯಂತೆ ನಟಿಸುತ್ತಿದ್ದರು ಅಂತ. ಇದು ಬರೀ ಸುದ್ದಿಯೇ ಇರಲಿ. ಆದರೆ ಇಂಥ ಸುದ್ದಿ ಹುಟ್ಟಿತು ಅನ್ನುವುದೇ ಆ ಹೆಸರು ಹೇಗೆ ಕೆಲಸ ಮಾಡುತ್ತಿತ್ತು ಅಂತ ತೋರಿಸುತ್ತದೆ. ಒಬ್ಬ ಮನುಷ್ಯಳಿಗೆ ಇಟ್ಟ ಹೆಸರು ಅದಾಗಿರಲಿಲ್ಲ. ಅಂಗಡಿಯ ಬೋರ್ಡ್ ಇದ್ದ ಹಾಗೆ ಇತ್ತು.

'ಪ್ರೇಮ್ ಸನ್ಯಾಸ್' ಯುರೋಪಿನಲ್ಲಿ ಚೆನ್ನಾಗಿ ಓಡಿತು. ಲಂಡನ್‌ನಲ್ಲಿ ತಿಂಗಳುಗಟ್ಟಲೆ ಪ್ರದರ್ಶನವಿತ್ತು. 1926ರಲ್ಲಿ ವಿಂಡ್ಸರ್ ಅರಮನೆಯಲ್ಲಿ ರಾಜ ಐದನೇ ಜಾರ್ಜ್‌ಗೂ ತೋರಿಸಿದರು. ಭಾರತದಲ್ಲಿ ಮಾತ್ರ ಅಷ್ಟು ದುಡ್ಡು ಹುಟ್ಟಲಿಲ್ಲ. ಅದರ ನೋಟವೇ ಹೊರಗಿನವರದು. ಸಿನಿಮಾ ತೆರೆದುಕೊಳ್ಳುವುದೇ ಯುರೋಪಿನ ಪ್ರವಾಸಿಗಳು ಭಾರತ ನೋಡಲು ಬರುವುದರಿಂದ. ಅವರಿಗೆ ಒಬ್ಬ ಮುದುಕ ಬುದ್ಧನ ಕತೆ ಹೇಳುತ್ತಾನೆ. ನಮ್ಮವರಿಗೆ ಆ ಕತೆಯನ್ನು ಪ್ರವಾಸಿಗಳ ಹಿಂದೆ ನಿಂತು ಕೇಳುವ ಅಗತ್ಯ ಏನಿತ್ತು, ಅಲ್ವಾ?

ಈಗ ಮುಖ್ಯ ವಿಷಯಕ್ಕೆ ಬರುತ್ತೇನೆ. ಒಂದೇ ಸಿನಿಮಾ ಜರ್ಮನಿಯಲ್ಲಿ ಜರ್ಮನ್ ಸಿನಿಮಾ, ಲಂಡನ್‌ನಲ್ಲಿ ಇಂಗ್ಲಿಷ್ ಸಿನಿಮಾ, ಕಲ್ಕತ್ತಾದಲ್ಲಿ ನಮ್ಮ ಸಿನಿಮಾ ಆಗುತ್ತಿದ್ದುದು ಹೇಗೆ?

ಉತ್ತರ ಇರುವುದು ಬರಹದ ಫಲಕದಲ್ಲಿ. ಮೂಕಿ ಚಿತ್ರದಲ್ಲಿ ನಟರ ತುಟಿ ಅಲುಗುತ್ತದೆ. ಆಮೇಲೆ ಕಪ್ಪು ಹಿನ್ನೆಲೆಯ ಮೇಲೆ ಬಿಳಿ ಅಕ್ಷರದಲ್ಲಿ ಅವರು ಹೇಳಿದ್ದು ಬರುತ್ತದೆ. ಈ ಫಲಕ ಫಿಲ್ಮಿನ ಒಂದು ತುಂಡು, ಅಷ್ಟೇ. ಕತ್ತರಿಸಿ ತೆಗೆದು ಜರ್ಮನ್ ಫಲಕ ಅಂಟಿಸಿದರೆ ಜರ್ಮನ್ ಸಿನಿಮಾ. ಇಂಗ್ಲಿಷ್ ಫಲಕ ಅಂಟಿಸಿದರೆ ಇಂಗ್ಲಿಷ್ ಸಿನಿಮಾ. ಭಾರತದಲ್ಲಂತೂ ಒಂದೇ ಫಲಕದ ಮೇಲೆ ಮೂರು ನಾಲ್ಕು ಭಾಷೆ ಬರೆಯುವುದೂ ಇತ್ತು. ಓದು ಬಾರದವರಿಗೆ ಪಕ್ಕದವರು ಜೋರಾಗಿ ಓದಿ ಹೇಳುತ್ತಿದ್ದರು. ಹಾರ್ಮೋನಿಯಂ, ತಬಲಾ, ಬ್ಯಾಂಡ್ ಆಯಾ ಊರಿನದ್ದೇ. ಭಾಷೆ ಬದಲಿಸಲು ನಟಿಯನ್ನು ಮುಟ್ಟಬೇಕಾಗಿಯೇ ಇರಲಿಲ್ಲ. ಸೀತಾದೇವಿ ಸೆಟ್ಟಿನಲ್ಲಿ ಇಂಗ್ಲಿಷಿನಲ್ಲಿ ಮಾತಾಡಿದರೂ ಬಂಗಾಳಿಯಲ್ಲಿ ಮಾತಾಡಿದರೂ ಮ್ಯೂನಿಕ್‌ನ ಪ್ರೇಕ್ಷಕನಿಗೆ ಅವಳು ಜರ್ಮನ್ನಿನಲ್ಲೇ ಮಾತಾಡಿದ ಹಾಗೆ.

ಎರಡನೆಯದು ವ್ಯಾಪಾರದ ಲೆಕ್ಕ. ಮೊದಲ ಮಹಾಯುದ್ಧದ ನಂತರ ಎಲ್ಲ ದೇಶಗಳ ಥಿಯೇಟರುಗಳಲ್ಲೂ ಅಮೆರಿಕದ ಸಿನಿಮಾಗಳೇ ತುಂಬಿದ್ದವು. ಅದನ್ನು ತಡೆಯಲು ಜರ್ಮನಿ ವಿದೇಶಿ ಚಿತ್ರಗಳ ಆಮದಿಗೆ ಮಿತಿ ಹಾಕಿತು. 1927ರಲ್ಲಿ ಬ್ರಿಟನ್ನೂ ಕಾನೂನು ತಂದಿತು: ಥಿಯೇಟರುಗಳು ವರ್ಷಕ್ಕೆ ಇಂತಿಷ್ಟು ಪಾಲು ಬ್ರಿಟಿಷ್ ಸಿನಿಮಾ ತೋರಿಸಲೇಬೇಕು. ಆ ಕಾನೂನಿನ ಲೆಕ್ಕದಲ್ಲಿ ಬ್ರಿಟಿಷ್ ಅಂದರೆ ಇಡೀ ಸಾಮ್ರಾಜ್ಯ. ಭಾರತವೂ ಅದರೊಳಗೆ ಬಂತು. ಮರುವರ್ಷ ಬಂದ 'ಶಿರಾಜ್', ಅದರ ಮರುವರ್ಷದ 'ಪ್ರಪಂಚ ಪಾಶ್' ಎರಡರಲ್ಲೂ ಬರ್ಲಿನ್‌ನ ಉಫಾ ಕಂಪನಿಯ ಜೊತೆ ಬ್ರಿಟಿಷ್ ಇನ್‌ಸ್ಟ್ರಕ್ಷನಲ್ ಫಿಲ್ಮ್ಸ್ ಕೂಡ ಪಾಲುದಾರ. ಒಂದೇ ಸಿನಿಮಾಕ್ಕೆ ಎರಡು ಮನೆಯ ಬಾಗಿಲು ತೆರೆದಿತ್ತು.

'ಶಿರಾಜ್' ಬಗ್ಗೆ ಸ್ವಲ್ಪ ಜಾಸ್ತಿ ಹೇಳಬೇಕು. ನನ್ನ ಲೆಕ್ಕದಲ್ಲಿ ಸೀತಾದೇವಿ ಏನು ಮಾಡಬಲ್ಲಳು ಅಂತ ಕಾಣುವುದು ಅದರಲ್ಲೇ. ತಾಜ್ ಮಹಲ್ ಕಟ್ಟಿದ ಕತೆ, ಇತಿಹಾಸಕ್ಕಿಂತ ಕಲ್ಪನೆಯೇ ಹೆಚ್ಚು. ಕುಂಬಾರನ ಮನೆಯಲ್ಲಿ ಬೆಳೆದ ಸಲೀಮಾ, ಅವಳನ್ನು ಪ್ರೀತಿಸುವ ಶಿರಾಜ್. ಅವಳು ಗುಲಾಮರ ವ್ಯಾಪಾರಿಗಳ ಕೈಗೆ ಸಿಕ್ಕಿ ಮುಂದೆ ಷಹಜಹಾನ್ ಆಗುವ ರಾಜಕುಮಾರ ಖುರ್ರಮ್‌ನ ಅರಮನೆ ಸೇರುತ್ತಾಳೆ. ಸಲೀಮಾ ಪಾತ್ರ ಮಾಡಿದ್ದು ಏಣಾಕ್ಷಿ ರಾಮರಾವ್. ಕೈಲಾಸಂ ಮತ್ತು ಕಮಲಾದೇವಿ ಚಟ್ಟೋಪಾಧ್ಯಾಯ ನಟಿಸಿದ 'ವಸಂತಸೇನಾ' ಮೂಕಿ ಚಿತ್ರದಲ್ಲೂ ಇದ್ದವರು ಅಂತ ಕನ್ನಡ ಚಿತ್ರರಂಗದ ಚರಿತ್ರೆ ಓದಿದವರಿಗೆ ಗೊತ್ತಿರುತ್ತದೆ. ಸೀತಾದೇವಿಗೆ ಸಿಕ್ಕಿದ್ದು ದಾಲಿಯಾ ಪಾತ್ರ. ರಾಜಕುಮಾರನ ಮೇಲೆ ಕಣ್ಣಿಟ್ಟ ಸೇನಾಧಿಪತಿಯ ಮಗಳು, ಹೊಟ್ಟೆಕಿಚ್ಚಿನವಳು.

ದಾಲಿಯಾ ರಾಜಕುಮಾರನ ಮುದ್ರೆ ಬಳಸಿ ಮೋಸದಿಂದ ಶಿರಾಜ್‌ನನ್ನು ಅಂತಃಪುರಕ್ಕೆ ಬರಮಾಡಿಕೊಳ್ಳುತ್ತಾಳೆ. ಅವನು ಸಿಕ್ಕಿಬೀಳುತ್ತಾನೆ. ಶಿಕ್ಷೆ ಏನೆಂದರೆ ಆನೆಯ ಕಾಲಡಿ ಸಾವು. ನೆಲದ ಮೇಲೆ ಮಲಗಿದ ಮನುಷ್ಯ, ನಿಧಾನವಾಗಿ ಹತ್ತಿರ ಬರುವ ಆನೆ, ಮೇಲೆದ್ದ ಕಾಲು. ದುಬಾರೆ ಶಿಬಿರ ನೋಡಿದವರು, ರಾತ್ರಿ ತೋಟದಲ್ಲಿ ಆನೆ ಕೊಂಬೆ ಮುರಿಯುವ ಸದ್ದು ಕೇಳಿದವರು ಆ ದೃಶ್ಯವನ್ನು ಬೇರೆ ಥರ ನೋಡುತ್ತಾರೆ. ಆನೆಯ ಕಾಲಿನ ತೂಕ ನಮಗೆ ಗೊತ್ತು. ಎದುರಿಗಿರುವುದು ನಿಜವಾದ ಆನೆ ಅಂತ ನೆನಪಾದಾಗ ಉಸಿರು ನಿಲ್ಲುತ್ತದೆ. ನಾನು ಅಜ್ಜಿಗೆ ಇದನ್ನೂ ತೋರಿಸಿದೆ. ಅವರು ಎರಡೂ ಕೈ ಬಾಯಿಗೆ ಒತ್ತಿಕೊಂಡರು.

ಆದರೆ ಅಷ್ಟು ದೊಡ್ಡ ಆನೆಯ ಮುಂದೆಯೂ ನನ್ನ ಕಣ್ಣು ಹೋಗುವುದು ದಾಲಿಯಾ ಕಡೆಗೇ. ಮೂಕಿ ಚಿತ್ರ ಅಂದರೆ ಕೈ ಕಾಲು ಆಡಿಸಿ, ಎದೆ ಬಡಿದುಕೊಂಡು ಮಾಡುವ ನಟನೆ ಅಂತ ನಾವು ಅಂದುಕೊಂಡಿದ್ದೇವೆ. ಅವಳು ಹಾಗೆ ಮಾಡುವುದಿಲ್ಲ. ರೆಪ್ಪೆ ಅರ್ಧ ಇಳಿಸುತ್ತಾಳೆ. ತುಟಿಯ ಒಂದು ಕೊನೆ ಮಾತ್ರ ಅಲುಗುತ್ತದೆ. ಫಲಕ ಬರುವ ಮೊದಲೇ ಅವಳ ಮನಸ್ಸಿನಲ್ಲಿ ಇರುವುದು ನಮಗೆ ತಿಳಿದುಬಿಡುತ್ತದೆ. ಒಂದು ಸಿನಿಮಾದಲ್ಲಿ ಬುದ್ಧನ ಹೆಂಡತಿ, ಇನ್ನೊಂದರಲ್ಲಿ ಸಂಚುಗಾತಿ, ಮೂರನೆಯದರಲ್ಲಿ ಇಬ್ಬರು ರಾಜರು ಪಗಡೆಯಲ್ಲಿ ಪಣಕ್ಕಿಟ್ಟು ಕಿತ್ತಾಡುವ ಋಷಿಕನ್ಯೆ ಸುನೀತಾ. ನಾಲ್ಕು ವರ್ಷದಲ್ಲಿ ಇಷ್ಟು ದೂರ ನಡೆದ ನಟಿಯರು ಆಗ ಎಷ್ಟು ಮಂದಿ ಇದ್ದರು?

ಈ ಮೂರರ ನಡುವೆ ಅವಳಿಗೆ ಕಲ್ಕತ್ತಾದಲ್ಲಿ ಇನ್ನೊಂದು ದುಡಿಮೆ ಇತ್ತು. ಮದನ್ ಥಿಯೇಟರ್ಸ್ ಆಗಿನ ದೊಡ್ಡ ಕಂಪನಿ. ಅವರಿಗಾಗಿ ಬಂಕಿಮಚಂದ್ರರ 'ದುರ್ಗೇಶನಂದಿನಿ', 'ಕೃಷ್ಣಕಾಂತನ ಉಯಿಲು' ಕತೆಗಳ ಸಿನಿಮಾಗಳಲ್ಲಿ ನಟಿಸಿದಳು. ಬರ್ಲಿನ್‌ನಲ್ಲಿ ಅವಳು ದೂರದ ದೇಶದ ಸುಂದರಿ. ಕಲ್ಕತ್ತಾದಲ್ಲಿ ಮನೆಮನೆಯಲ್ಲಿ ಓದಿದ ಕಾದಂಬರಿಯ ಬಂಗಾಳಿ ಹೆಣ್ಣು. ಎರಡೂ ಕಡೆಯವರು ಅವಳನ್ನು ತಮಗೆ ಬೇಕಾದ ಹಾಗೆ ನೋಡಿಕೊಂಡರು.

1931ರ ಮಾರ್ಚ್ 14ರಂದು ಮುಂಬೈಯಲ್ಲಿ 'ಆಲಂ ಆರಾ' ಬಿಡುಗಡೆಯಾಯಿತು. ಸಿನಿಮಾ ಮಾತಾಡಿತು. ಮೂರು ವರ್ಷದ ನಂತರ, 1934ರಲ್ಲಿ, ಕನ್ನಡಕ್ಕೂ 'ಸತಿ ಸುಲೋಚನಾ' ಬಂತು. ಜನಕ್ಕೆ ಹಬ್ಬ. ಸೀತಾದೇವಿಯಂಥವರಿಗೆ ಅದು ಬಾಗಿಲು ಮುಚ್ಚಿದ ಹಾಗೆ.

ಯಾಕೆ ಅಂತ ನೋಡಿ. ಫಲಕ ಕತ್ತರಿಸಬಹುದು, ಗಂಟಲು ಕತ್ತರಿಸಿ ಬೇರೆ ಅಂಟಿಸಲು ಆಗುವುದಿಲ್ಲ. ಡಬ್ಬಿಂಗ್ ಆಗ ಇನ್ನೂ ಬಳಕೆಗೆ ಬಂದಿರಲಿಲ್ಲ. ಪರದೇಶಕ್ಕೂ ಬೇಕು ಅಂದರೆ ಅದೇ ದೃಶ್ಯವನ್ನು ಎರಡು ಭಾಷೆಯಲ್ಲಿ ಎರಡು ಸಲ ತೆಗೆಯಬೇಕು. ಖರ್ಚು ದುಪ್ಪಟ್ಟು. ಜೊತೆಗೆ ಭಾರತದ ಒಳಗೇ ಮಾರುಕಟ್ಟೆ ಭಾಷೆಗೊಂದು ತುಂಡಾಯಿತು. ಮನೆಯಲ್ಲಿ ಇಂಗ್ಲಿಷ್ ಮಾತಾಡಿ ಬೆಳೆದ ಆಂಗ್ಲೋ ಇಂಡಿಯನ್ ಹುಡುಗಿಯರಿಗೆ ಹಿಂದುಸ್ತಾನಿ, ಬಂಗಾಳಿ ಸಂಭಾಷಣೆಯೇ ಕಷ್ಟ. ಹಾಡನ್ನೂ ನಟಿಯೇ ಹಾಡಬೇಕಿತ್ತು. ಸುಲೋಚನಾ ಒಬ್ಬಳು ಛಲ ಹಿಡಿದು ಹಿಂದುಸ್ತಾನಿ ಕಲಿತು 1932ರಲ್ಲಿ ಮರಳಿ ಬಂದಳು. ಸೀತಾದೇವಿಯ ಹೆಸರು ಮೂಕಿ ಚಿತ್ರಗಳ ಜೊತೆಗೇ ನಿಂತಿತು.

ಕೊಡಗಿನವರಿಗೆ ಈ ಕಷ್ಟ ಹತ್ತಿರದ್ದು. ಮನೆಯಲ್ಲಿ ಕೊಡವ ತಕ್ಕ್ ಅಥವಾ ಅರೆಭಾಷೆ, ಶಾಲೆಯಲ್ಲಿ ಕನ್ನಡ, ಗಡಿ ಕಡೆಯ ಸಂತೆಯಲ್ಲಿ ಮಲಯಾಳ. ನಾಲಿಗೆ ತಿರುಗಿಸಿಕೊಳ್ಳುವುದು ನಮಗೆ ಚಿಕ್ಕಂದಿನ ಅಭ್ಯಾಸ. ವಿರಾಜಪೇಟೆಯ ರಶ್ಮಿಕಾ ಮಂದಣ್ಣ 2016ರಲ್ಲಿ ಕನ್ನಡದಿಂದ ಶುರು ಮಾಡಿ ತೆಲುಗು, ತಮಿಳು, ಹಿಂದಿಗೆ ಹೋದರು. ಇಂದು ಒಂದು ಭಾಷೆಯ ಸಿನಿಮಾ ಡಬ್ಬಿಂಗ್‌ನಿಂದ ಐದು ಭಾಷೆಯಲ್ಲಿ ಒಂದೇ ದಿನ ಬಿಡುಗಡೆಯಾಗುತ್ತದೆ. ಫಲಕದ ಕೆಲಸವನ್ನು ಡಬ್ಬಿಂಗ್ ಮತ್ತೆ ಕೈಗೆ ತೆಗೆದುಕೊಂಡಿದೆ ಅಂತಲೇ ನನಗೆ ಅನ್ನಿಸುತ್ತದೆ. ದೊಡ್ಡ ವ್ಯತ್ಯಾಸ ಅಂದರೆ ರಶ್ಮಿಕಾ ಎಲ್ಲಿ ಹೋದರೂ ತನ್ನ ಹೆಸರಿನಲ್ಲೇ ಹೋಗಿದ್ದಾರೆ. ಮಂದಣ್ಣ ಅಂತ ಕೇಳಿದ ತಕ್ಷಣ ನಮ್ಮವರಿಗೆ ಊರು ಗೊತ್ತಾಗುತ್ತದೆ.

ಎರಡು ದೇಶದ ಆ ದಾರಿ ಮುಂದೆ ಏನಾಯಿತು? ಹಿಮಾಂಶು ರಾಯ್ 1929ರಲ್ಲಿ ದೇವಿಕಾ ರಾಣಿಯನ್ನು ಮದುವೆಯಾದ. ಅವಳಿಗೆ ಇಂಗ್ಲಿಷೂ ಬರುತ್ತಿತ್ತು, ಹಿಂದಿಯೂ ಬರುತ್ತಿತ್ತು. 1933ರ 'ಕರ್ಮ' ಎರಡೂ ಭಾಷೆಯಲ್ಲಿ ತಯಾರಾಯಿತು. ಅದೇ ವರ್ಷ ಜರ್ಮನಿಯಲ್ಲಿ ಹಿಟ್ಲರ್ ಅಧಿಕಾರಕ್ಕೆ ಬಂದ. ಮರುವರ್ಷ ರಾಯ್ ಮತ್ತು ದೇವಿಕಾ ಮುಂಬೈಯಲ್ಲಿ ಬಾಂಬೆ ಟಾಕೀಸ್ ಕಟ್ಟಿದರು. ಜರ್ಮನ್ನರು ಮತ್ತೆ ಕಡಲು ದಾಟಿ ಬಂದರು. ಆಸ್ಟನ್, ವಿರ್ಶಿಂಗ್ ಇಬ್ಬರೂ ಇಲ್ಲೇ ಕೂತು ಹಿಂದಿ ಸಿನಿಮಾ ಮಾಡಿದರು. 1939ರಲ್ಲಿ ಯುದ್ಧ ಶುರುವಾದಾಗ ಬ್ರಿಟಿಷ್ ಸರ್ಕಾರ ಇಬ್ಬರನ್ನೂ ಬಂಧಿಸಿತು. ವಿರ್ಶಿಂಗ್ ಬಿಡುಗಡೆಯಾದ ಮೇಲೆ ಭಾರತದಲ್ಲೇ ಉಳಿದು 1967ರಲ್ಲಿ ತೀರಿಕೊಂಡರು. ದೇವಿಕಾ ರಾಣಿ 1945ರಲ್ಲಿ ರಷ್ಯಾದ ಕಲಾವಿದ ಸ್ವೆತೋಸ್ಲಾವ್ ರೋರಿಕ್‌ರನ್ನು ಮದುವೆಯಾಗಿ, ಮುಂದೆ ಬೆಂಗಳೂರಿನ ಕನಕಪುರ ರಸ್ತೆಯ ತಾತಗುಣಿ ಎಸ್ಟೇಟ್‌ಗೆ ಬಂದು ನೆಲೆಸಿದರು. ಅವರ ಕತೆ ಎಲ್ಲರಿಗೂ ಗೊತ್ತು. ಅವರಿಗಿಂತ ಮೊದಲು ಆ ದಾರಿ ಸವೆಸಿದ ಹುಡುಗಿಯ ಕತೆ ಗೊತ್ತಿರುವವರು ಕಡಿಮೆ.

ಸಿನಿಮಾಗಳು ಉಳಿದವು. ಲಂಡನ್‌ನ ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ 'ಪ್ರಪಂಚ ಪಾಶ್' ಅನ್ನು 2006ರಲ್ಲಿ ಸರಿಪಡಿಸಿ ಹೊಸ ಪ್ರಿಂಟ್ ಮಾಡಿತು. ನಿತಿನ್ ಸಾಹ್ನಿ ಸಂಗೀತ ಕೊಟ್ಟರು. 2007ರಲ್ಲಿ ಅದನ್ನು ಲಂಡನ್‌ನ ಟ್ರಫಾಲ್ಗರ್ ಚೌಕದಲ್ಲಿ ಬಯಲಲ್ಲೇ ತೋರಿಸಿದರು. 'ಶಿರಾಜ್' 2017ರಲ್ಲಿ ಅನುಷ್ಕಾ ಶಂಕರ್ ಸಂಗೀತದೊಂದಿಗೆ ಬಂತು. ಎಂಬತ್ತು, ತೊಂಬತ್ತು ವರ್ಷದ ಹಿಂದಿನ ಫಿಲ್ಮಿನ ಗೀರು, ಕಲೆ ಹೋಗಿ ಅವಳ ಮುಖ ತೊಳೆದಿಟ್ಟ ಹಾಗೆ ಕಾಣುತ್ತದೆ. ಹೆಸರಿನ ಪಟ್ಟಿಯಲ್ಲಿ ಮಾತ್ರ ಈಗಲೂ 'ಸೀತಾದೇವಿ'.

ಅವತ್ತು ಪಗಡೆಯಾಟದ ದೃಶ್ಯಕ್ಕೆ ಬರುವಷ್ಟರಲ್ಲಿ ಲ್ಯಾಪ್‌ಟಾಪ್ ಆರಿಹೋಯಿತು. ಕತ್ತಲಲ್ಲಿ ಒಲೆಯ ಬೆಂಕಿ ಮಾತ್ರ. ನಾನು ಇಲ್ಲಿ ಬರೆದದ್ದನ್ನೆಲ್ಲ ಅಜ್ಜಿಗೆ ಹೇಳಿದೆ, ಇಷ್ಟು ಕ್ರಮವಾಗಿ ಅಲ್ಲ. ಅವರು ಕಲ್ಕತ್ತಾ ಎಷ್ಟು ದೂರ ಅಂತ ಕೇಳಿದರು. ಆಮೇಲೆ ಅವಳ ನಿಜವಾದ ಹೆಸರನ್ನು ಇನ್ನೊಮ್ಮೆ ಹೇಳಿಸಿಕೊಂಡರು. ನಾನು ರೆನೀ ಸ್ಮಿತ್ ಅಂದೆ. ಅವರು ಮನೆ ಹೆಸರನ್ನು ಮುಂದಕ್ಕೆ ತಂದು, ಇಲ್ಲಿನ ಯಾವುದೋ ಮನೆಯ ಹುಡುಗಿಯನ್ನು ಕರೆದ ಹಾಗೆ, "ಸ್ಮಿತ್ ರೆನೀ" ಅಂದರು. ನಾಳೆ ಕರೆಂಟ್ ಬಂದರೆ ಉಳಿದದ್ದನ್ನು ನೋಡೋಣ ಅಂತ ಹೇಳಿ ಕೊಡೆ ಬಿಡಿಸಿಕೊಂಡು ಹೊರಟರು.